ಹೆಸರಿಲ್ಲದ ಕಂಠ

ಕಡೂರು ತಾಲೂಕಿನ ಯಗಟಿಯಲ್ಲಿ ಬಂಧುಗಳ ಮನೆಯಲ್ಲಿ ಕೆಲವು ದಿನ ತಂಗಿದ್ದಾಗ, ಆ ಮನೆಯ ಆರು ವರ್ಷದ ಹುಡುಗ ಕೊಟ್ಟಿಗೆಯ ಕರುವನ್ನು 'ಹೊರಡೋಣವೇ, ಗೆಳೆಯಾ?' ಎಂದು ಕೀಚಲು ದನಿಯಲ್ಲಿ ಮಾತಾಡಿಸುತ್ತಿದ್ದ. 'ಇದ್ಯಾರ ದನಿಯೋ ಮಗಾ?' ಎಂದರು ಅಜ್ಜಿ. ಹುಡುಗ ಟಿವಿಯ ಕಾರ್ಟೂನ್ ಕರಡಿಯ ಹೆಸರು ಹೇಳಿದ. 'ಅದು ಬೊಂಬೆ ಕಣೋ. ಮಾತಾಡೋರ್ಯಾರು?' ಎಂಬ ಮರುಪ್ರಶ್ನೆಗೆ, ಕನ್ನಡವನ್ನೇ ಬೋಧಿಸಿ ಬದುಕುವ ನನ್ನನ್ನೂ ಸೇರಿಸಿ, ಆ ಮನೆಯಲ್ಲಿ ಯಾರಲ್ಲೂ ಉತ್ತರವಿರಲಿಲ್ಲ.

ಅಜ್ಜಿಯ ಪ್ರಶ್ನೆ ಸಹಜವಾದುದೇ. ತೊಗಲುಗೊಂಬೆಯಾಟವು ನಮ್ಮ ಹಳೆಯ ಚಲಿಸುವ ಚಿತ್ರ. ತೆರೆಯ ಹಿಂದೆ ಕುಳಿತ ಒಂದು ಕುಟುಂಬ ರಾಮನಿಗೂ ರಾವಣನಿಗೂ ಹಾಸ್ಯದ ಬೊಂಬೆಗೂ ದನಿಯಾಗುತ್ತಿತ್ತು. ಮುಖ ಮರೆಯಾಗಿದ್ದರೂ ಆ ಕಂಠ ಯಾರದೆಂಬುದನ್ನು ಊರು ಬಲ್ಲುದಾಗಿತ್ತು.

ಕನ್ನಡದಲ್ಲಿ ಕಾರ್ಟೂನಿಗೆ ಕಂಠದಾನವು ವೃತ್ತಿಯಾದುದು ತೀರ ತಡವಾಗಿ. ಪರಭಾಷಾ ಚಿತ್ರಗಳಿಗೆ ಕನ್ನಡದ ಮಾತು ಜೋಡಿಸುವ ಡಬ್ಬಿಂಗಿಗೆ 1960ರ ದಶಕದಿಂದಲೂ ನಮ್ಮ ಚಿತ್ರೋದ್ಯಮ ತಡೆಯೊಡ್ಡಿತ್ತು. ಅದು ಶಾಸನವಲ್ಲ, ಕಟ್ಟುಪಾಡು. ಮದರಾಸಿನ ಸ್ಟುಡಿಯೋಗಳ ನೆರಳಿನಲ್ಲಿ ಸೊರಗಿದ್ದ ಕನ್ನಡ ಕಲಾವಿದರ ಅನ್ನಕ್ಕಾಗಿ ಹುಟ್ಟಿದುದು. ಆ ಕಾಲಕ್ಕೆ ಅದು ನ್ಯಾಯವೇ ಆಗಿತ್ತೆಂದು ನನ್ನ ಎಣಿಕೆ. 2009ರಲ್ಲಿ ಚಿಂಟು ಟಿವಿ ಮಕ್ಕಳಿಗಾಗಿ ಬಂದಿತು. 2015ರಲ್ಲಿ ಭಾರತೀಯ ಸ್ಪರ್ಧಾ ಆಯೋಗವು ಆ ಕಟ್ಟುಪಾಡು ಸಲ್ಲದೆಂದಿತು. 2023ರಲ್ಲಿ ಅಮೆರಿಕದ ಸ್ಪೈಡರ್ ಮ್ಯಾನ್ ಅನಿಮೇಷನ್ ಚಿತ್ರ ಕನ್ನಡದಲ್ಲೂ ಮಾತಾಡಿತು. 2025ರಲ್ಲಿ 'ಮಹಾವತಾರ ನರಸಿಂಹ' ಬಂದಿತು.

ಈ ಕೆಲಸ ಹಗುರವಾದುದಲ್ಲ. ಡಬ್ಬಿಂಗಿನಲ್ಲಿ ಚಿತ್ರ ಮೊದಲೇ ಸಿದ್ಧವಾಗಿರುತ್ತದೆ, ಬಾಯಿ ಆಡಿ ಮುಗಿದಿರುತ್ತದೆ. ಪರದೆಯ ಮೇಲಿನ ಪ್ರಾಣಿ 'ಸ್ಟಾಪ್' ಎಂದು ತುಟಿ ಮುಚ್ಚಿದರೆ, ನಮ್ಮ 'ನಿಲ್ಲು' ಸ್ವರಾಂತವಾಗಿ ತುಟಿ ತೆರೆದೇ ಮುಗಿಯುತ್ತದೆ. ಪ, ಬ, ಮಗಳು ಎಲ್ಲಿ ಬೀಳಬೇಕೆಂದು ನೋಡಿ ಪದ ಆರಿಸಬೇಕು. ವಾಕ್ಯದ ಕೊನೆಗೆ ಕೂರುವ ನಮ್ಮ ಕ್ರಿಯಾಪದವನ್ನು ಎಷ್ಟೋ ವೇಳೆ ಮುಂದಕ್ಕೆ ಎಳೆಯಬೇಕು. ತರಗತಿಯಲ್ಲಿ ನಾವು ಓಷ್ಠ್ಯವೆಂದು ಹೆಸರಿಟ್ಟು ಮುಗಿಸುವುದನ್ನು ಈ ಕಲಾವಿದರು ದಿನವಿಡೀ ದುಡಿದು ತೀರಿಸುತ್ತಾರೆ. ಇಷ್ಟಾದ ಮೇಲೂ ಆ ಕನ್ನಡ ಯಗಟಿಯ ಕನ್ನಡವಾಗದೆ, ಯಾವ ಊರಿನದೂ ಅಲ್ಲದ ಕನ್ನಡವಾಗುವುದುಂಟು. ಆ ದೂರು ಬೇರೆ.

ನನ್ನನ್ನು ಕಾಡುವುದು ಹೆಸರಿನ ಪ್ರಶ್ನೆ. 1957ರ ಕೃತಿಸ್ವಾಮ್ಯ ಕಾಯಿದೆಗೆ 2012ರಲ್ಲಾದ ತಿದ್ದುಪಡಿಯು, ಪ್ರದರ್ಶನ ತನ್ನದೆಂದು ಗುರುತಿಸಿಕೊಳ್ಳುವ ಹಕ್ಕನ್ನು ಕಲಾವಿದನಿಗೆ ಇತ್ತಿತು. ಆದರೆ ಚಲನಚಿತ್ರದಲ್ಲಿ ಪ್ರಾಸಂಗಿಕವಾಗಿ ಬಂದುಹೋಗುವ, ವಾಡಿಕೆಯಂತೆ ಎಲ್ಲಿಯೂ ಹೆಸರು ಕಾಣಿಸದವನನ್ನು ಅದೇ ತಿದ್ದುಪಡಿ ಬಹುಮಟ್ಟಿಗೆ ಪ್ರದರ್ಶಕರ ಪಂಕ್ತಿಯಿಂದ ಹೊರಗಿಟ್ಟಿತು. ಒಂದೆರಡು ಮಾತು ಆಡಿಹೋಗುವ ಸಣ್ಣ ಪಾತ್ರದ ಕಂಠ ಇದರಲ್ಲಿ ಯಾವ ಕಡೆ ನಿಲ್ಲುತ್ತದೆ? ಹೆಸರು ಹಾಕುವ ವಾಡಿಕೆ ಇಲ್ಲದಿದ್ದರೆ, ಹೆಸರು ಕೇಳುವ ಹಕ್ಕೂ ಸಂದೇಹಕ್ಕೆ ಬೀಳುತ್ತದೆ.

ಯಂತ್ರವು ಮನುಷ್ಯನ ದನಿಯನ್ನು ನಕಲು ಮಾಡಬಲ್ಲ ಈ ದಿನಗಳಲ್ಲಿ ಇದು ಬರಿಯ ಅಭಿಮಾನದ ಮಾತಲ್ಲ. 2023ರಲ್ಲಿ ಅಮೆರಿಕದ ನಟರು 118 ದಿನ ಮುಷ್ಕರ ಹೂಡಿದಾಗ, ತಮ್ಮ ರೂಪವನ್ನೂ ದನಿಯನ್ನೂ ಒಪ್ಪಿಗೆಯಿಲ್ಲದೆ ಯಂತ್ರದಿಂದ ಪಡಿಯಚ್ಚು ತೆಗೆಯಕೂಡದೆಂಬುದು ಅವರ ಬೇಡಿಕೆಗಳಲ್ಲೊಂದಾಗಿತ್ತು. ಹೆಸರೇ ದಾಖಲಾಗದ ಕನ್ನಡದ ಕಂಠದ ಒಪ್ಪಿಗೆಯನ್ನು ಯಾರು, ಯಾರ ಬಾಗಿಲಿಗೆ ಹೋಗಿ ಕೇಳಬೇಕು?