ಬೀರುವಿನೊಳಗಿನ ಗುಟ್ಟಿಗೂ ಗುಣಮಟ್ಟ ಬೇಕು

ಕೊಡಗಿನ ಮಳೆಗಾಲ ಗೊತ್ತಲ್ಲ? ಜೂನ್‌ನಲ್ಲಿ ಬೀರು ಸೇರಿದ ಬೆಲ್ಟು, ಚಪ್ಪಲಿ ಆಗಸ್ಟ್‌ನಲ್ಲಿ ಹೊರಗೆ ತೆಗೆದರೆ ಮೈಯೆಲ್ಲ ಬೂಸ್ಟು. ಅದೇ ಬೀರುವಿನ ಮೂಲೆಯಲ್ಲಿ ಗಂಡ-ಹೆಂಡತಿ ಗುಟ್ಟಾಗಿಟ್ಟ ಖಾಸಗಿ ಆಟಿಕೆಯೂ ಇದ್ದರೆ? ಮಡಿಕೇರಿ, ವಿರಾಜಪೇಟೆಗೂ ಇಂಥದ್ದು ಕೊರಿಯರ್‌ನಲ್ಲಿ ಬರೋ ಕಾಲ ಇದು. ತರಿಸೋದು ತಪ್ಪಲ್ಲ. ಯಾವುದರಿಂದ ಮಾಡಿದ್ದು ಅಂತ ನೋಡದೆ ತರಿಸೋದು ತಪ್ಪು.

ಮಕ್ಕಳ ಆಟಿಕೆಗೆ ನಮ್ಮಲ್ಲಿ 2021ರ ಜನವರಿ 1ರಿಂದ ಐಎಸ್‌ಐ ಗುರುತು ಕಡ್ಡಾಯ. ಆ ನಿಯಮ 14 ವರ್ಷದೊಳಗಿನವರ ಆಟಿಕೆಗೆ ಮಾತ್ರ. ದೊಡ್ಡವರ ಆಟಿಕೆಗೆ ಅದೇ ವರ್ಷ ಐಎಸ್‌ಒ 3533 ಎಂಬ ಅಂತರರಾಷ್ಟ್ರೀಯ ಮಾನದಂಡ ಬಂತು. ಆದರೆ ಅದನ್ನು ಪಾಲಿಸುವುದು ತಯಾರಕರ ಇಷ್ಟ. ಹಾಗಾಗಿ ಡಬ್ಬಿ ಮೇಲಿನ ಅಕ್ಷರ ನಾವೇ ಓದಬೇಕು.

'ಜೆಲ್ಲಿ' ಅಂತ ಮಾರುವ ಅಗ್ಗದ ಪಿವಿಸಿ ಬೇಡ. ಅದನ್ನು ಮೆತ್ತಗಾಗಿಸಲು ಥಾಲೇಟ್ ಎಂಬ ರಾಸಾಯನಿಕ ಬೆರೆಸಿರಬಹುದು. ಹೊಸ ರೇನ್‌ಕೋಟಿನಂಥ ಘಾಟು, ಕೈಗೆ ಅಂಟಂಟು ಇದ್ದರೆ ದೂರವಿಡಿ. ಟಿಪಿಇ, ಟಿಪಿಆರ್ ಎಂದಿದ್ದರೆ ಅದರಲ್ಲಿ ಕಣ್ಣಿಗೆ ಕಾಣದ ರಂಧ್ರಗಳಿರುತ್ತವೆ. ಎಷ್ಟು ತೊಳೆದರೂ ರೋಗಾಣು ಉಳಿಯಬಹುದು, ನಮ್ಮ ತೇವಕ್ಕೆ ಬೂಸ್ಟೂ ಹಿಡಿಯುತ್ತೆ. ಈಗಾಗಲೇ ಇದ್ದರೆ ಪ್ರತಿಸಲ ಹೊಸ ಕಾಂಡೋಮ್ ಹಾಕಿ ಬಳಸಿ.

ಹಾಗಾದರೆ ಯಾವುದು ಒಳ್ಳೇದು? ಶೇ. 100 ಸಿಲಿಕೋನ್, ಸ್ಟೇನ್‌ಲೆಸ್ ಸ್ಟೀಲ್, ಬೊರೋಸಿಲಿಕೇಟ್ ಗಾಜು. ಇವು ನೀರು ಹೀರಲ್ಲ, ವರ್ಷಗಟ್ಟಲೆ ಬಾಳುತ್ತವೆ. ಮೋಟಾರ್ ಇಲ್ಲದ ಸಿಲಿಕೋನ್, ಸ್ಟೀಲ್ ಆಟಿಕೆಯನ್ನು ಐದು-ಹತ್ತು ನಿಮಿಷ ಕುದಿಸಿ ಶುಚಿ ಮಾಡಬಹುದು. ಗಾಜಿನಲ್ಲಿ ಕೂದಲೆಳೆಯಷ್ಟು ಬಿರುಕು ಕಂಡರೂ ಎಸೆಯಿರಿ. ಮೋಟಾರ್ ಇರುವುದನ್ನು ಕುದಿಸಬೇಡಿ, ಎತ್ತಿಡುವಾಗ ಸೆಲ್ ತೆಗೆದಿಡಿ.

ಸಿಲಿಕೋನ್ ಆಟಿಕೆಗೆ ಸಿಲಿಕೋನ್ ಜಾರುಕ ಹಾಕಿದರೆ ಮೇಲ್ಮೈ ಹಾಳಾಗಬಹುದು, ನೀರು ಆಧಾರಿತ ಜಾರುಕ ಸಾಕು. ಅಡುಗೆಮನೆಯ ಕೊಬ್ಬರಿ ಎಣ್ಣೆ ಲೇಟೆಕ್ಸ್ ಕಾಂಡೋಮನ್ನೇ ಹರಿಯುವಂತೆ ಮಾಡುತ್ತೆ, ನೆನಪಿರಲಿ.

ಬಳಸುವ ಮುಂಚೆ, ಬಳಸಿದ ಮೇಲೆ ಮೃದು ಸೋಪಿನಲ್ಲಿ ತೊಳೆದು, ಪೂರ್ತಿ ಒಣಗಿಸಿ, ಒಂದೊಂದನ್ನೂ ಬೇರೆ ಬೇರೆ ಹತ್ತಿಬಟ್ಟೆ ಚೀಲದಲ್ಲಿಡಿ. ಒದ್ದೆ ಇರುವಾಗಲೇ ಪ್ಲಾಸ್ಟಿಕ್ ಕವರಿಗೆ ಹಾಕಿ ಬಚ್ಚಿಡೋ ಅಭ್ಯಾಸ ಬಿಡಿ. ಮಳೆಗಾಲದಲ್ಲಿ ಆಗಾಗ ತೆಗೆದು ನೋಡಿ.

ಉರಿ, ತುರಿಕೆ, ಕೆಟ್ಟ ವಾಸನೆಯ ಸ್ರಾವ ಕಂಡರೆ ಬಳಕೆ ನಿಲ್ಲಿಸಿ ಡಾಕ್ಟರ ಹತ್ತಿರ ಹೋಗಿ. ಅವರ ಮುಂದೆ ಕಾರಣ ಮುಚ್ಚಿಡಬೇಡಿ. ನಾಚಿಕೆ ಐದು ನಿಮಿಷದ್ದು, ಸೋಂಕು ಬಲಿತರೆ ತಿಂಗಳುಗಟ್ಟಲೆ ಕಾಡುತ್ತೆ.