ಮಾತ್ರೆ ಬಿಟ್ಟು ಚಿತ್ರಕಥೆ ಹಿಡಿದವರು

ಶಿವಮೊಗ್ಗದಲ್ಲಿ ತೀರ್ಥಹಳ್ಳಿಯ ಬಸ್ಸು ಹತ್ತಿದರೆ ಗಾಜನೂರಿನ ಬಳಿ ಸಕ್ರೆಬೈಲು ಸಿಗುತ್ತದೆ. ಬೆಳಗಿನ ಹೊತ್ತಾದರೆ ತುಂಗೆಯ ಹಿನ್ನೀರಿನಲ್ಲಿ ಮಲಗಿದ ಆನೆಯ ಮೈಯನ್ನು ಮಾವುತರು ತಿಕ್ಕಿ ತೊಳೆಯುವುದನ್ನು ನೋಡಬಹುದು. ಈ ನೋಟದ ಮೇಲೊಂದು ಪ್ರಬಂಧ ಬರೆಯಿರಿ ಎಂದರೆ ಹೈಸ್ಕೂಲು ಮಕ್ಕಳು ‘ಕಾಡಿನಿಂದ ದೂರವಾದ ಆನೆ ಮನದಲ್ಲೇ ಕೊರಗುತ್ತಿತ್ತು’ ಎಂದು ಆರಂಭಿಸಿಯಾರು. ತಪ್ಪೇನಿಲ್ಲ. ಆದರೆ ಸಿನಿಮಾಕ್ಕೋ ಟಿ.ವಿ. ಧಾರಾವಾಹಿಗೋ ಬರೆಯುವವರು ಹಾಗೆ ಬರೆಯುವಂತಿಲ್ಲ. ಕೊರಗು ಕ್ಯಾಮೆರಾಕ್ಕೆ ಕಾಣುವುದಿಲ್ಲ. ಆನೆ ಮುಂದಿಟ್ಟ ಹುಲ್ಲನ್ನು ಮುಟ್ಟಲಿಲ್ಲ, ಕಾಡಿನತ್ತ ತಿರುಗಿ ನಿಂತಿತು, ಮಾವುತ ಎರಡು ಸಲ ಕರೆದರೂ ಕದಲಲಿಲ್ಲ ಎಂದಷ್ಟೇ ಬರೆಯಬೇಕು. ಕಣ್ಣಿಗೆ ಕಾಣುವುದು, ಕಿವಿಗೆ ಕೇಳುವುದು, ಇವೆರಡರಲ್ಲೇ ಎಲ್ಲವನ್ನೂ ಹೇಳಿ ಮುಗಿಸುವ ಬರವಣಿಗೆಗೆ ಚಿತ್ರಕಥೆ ಎಂದು ಹೆಸರು.

ಈ ವಿದ್ಯೆಯಲ್ಲಿ ದೇಶವೇ ಗುರುತಿಸುವಂತೆ ಬೆಳೆದ ಗಿರೀಶ್ ಕಾಸರವಳ್ಳಿಯವರು ಇದೇ ತೀರ್ಥಹಳ್ಳಿ ತಾಲ್ಲೂಕಿನವರು. 1950ರಲ್ಲಿ ಕೆಸಲೂರಿನಲ್ಲಿ ಜನನ. ತಂದೆಗೆ ಯಕ್ಷಗಾನದ ಒಲವು. ಸೋದರಮಾವ ಹೆಗ್ಗೋಡಿನ ‘ನೀನಾಸಂ’ ಕಟ್ಟಿದ ಕೆ.ವಿ. ಸುಬ್ಬಣ್ಣ. ಆಗೊಮ್ಮೆ ಈಗೊಮ್ಮೆ ಊರಿಗೆ ಬರುತ್ತಿದ್ದ ಟೂರಿಂಗ್ ಟಾಕೀಸಿನಲ್ಲೇ ಸಿನಿಮಾದ ಮೊದಲ ಪರಿಚಯ. ಕಮ್ಮರಡಿಯಲ್ಲಿ ಮಿಡ್ಲ್‌ಸ್ಕೂಲು, ಶಿವಮೊಗ್ಗದಲ್ಲಿ ಹೈಸ್ಕೂಲು, ಕಾಲೇಜು. ಆಮೇಲೆ ಮಣಿಪಾಲದಲ್ಲಿ ಬಿ.ಫಾರ್ಮ.

ಔಷಧ ವಿಜ್ಞಾನದ ಪದವಿ ಎಂದರೆ ಅಂದಿಗೂ ಇಂದಿಗೂ ಭದ್ರವಾದ ಉದ್ಯೋಗ. ತರಬೇತಿಗೆಂದು ಹೈದರಾಬಾದಿಗೆ ಹೋದದ್ದೂ ಆಯಿತು. ಅಲ್ಲಿಂದ ಅವರು ಹಿಡಿದದ್ದು ಮಾತ್ರ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನ ದಾರಿ. ಕೈಗೆ ಬಂದ ವೃತ್ತಿಯನ್ನು ಬಿಟ್ಟು ಸಿನಿಮಾ ಕಲಿಯುತ್ತೇನೆಂದು ಮಗ ಹೊರಟರೆ ಯಾವ ಮನೆಯಲ್ಲಿ ತಾನೆ ಆತಂಕವಾಗದು? ಅಲ್ಲಿ ವಿದ್ಯಾರ್ಥಿಯಾಗಿ ಮಾಡಿದ ‘ಅವಶೇಷ್’ ಕಿರುಚಿತ್ರಕ್ಕೆ ರಾಷ್ಟ್ರಪ್ರಶಸ್ತಿ ಬಂತು. 1975ರಲ್ಲಿ ಓದು ಮುಗಿಯಿತು. ಬಿ.ವಿ. ಕಾರಂತರ ‘ಚೋಮನ ದುಡಿ’ಗೆ ಸಹಾಯಕರಾಗಿ ದುಡಿದರು. ಯು.ಆರ್. ಅನಂತಮೂರ್ತಿಯವರ ಕಥೆ ಆಧರಿಸಿದ ‘ಘಟಶ್ರಾದ್ಧ’ಕ್ಕೆ 1977ರ ಸ್ವರ್ಣಕಮಲ ದೊರೆತಾಗ ಅವರಿಗಿನ್ನೂ ಇಪ್ಪತ್ತೇಳರ ಆಸುಪಾಸು. ಮುಂದೆ ‘ತಬರನ ಕಥೆ’, ‘ತಾಯಿ ಸಾಹೇಬ’, ‘ದ್ವೀಪ’ ಚಿತ್ರಗಳಿಗೂ ಅದೇ ಗೌರವ ಸಂದಿತು.

ತೆರೆಯ ಮೇಲೆ ಹೆಸರುಗಳು ಓಡುವಾಗ ‘ಚಿತ್ರಕಥೆ’ ಎಂಬ ಸಾಲನ್ನು ಓದುವವರು ಕಡಿಮೆ. ಕಡಲೆಕಾಯಿ ಬಿಡಿಸುವವರೇ ಹೆಚ್ಚು. ಕಥೆ ಮೊದಲೇ ಇದ್ದ ಮೇಲೆ ಇವರು ಬರೆಯುವುದೇನು ಎಂಬ ಅನುಮಾನವೂ ಉಂಟು. ಇದಕ್ಕೆ 2008ರ ‘ಗುಲಾಬಿ ಟಾಕೀಸ್’ಗಿಂತ ಒಳ್ಳೆಯ ಉತ್ತರ ಸಿಗದು. ಅದರ ಮೂಲ ವೈದೇಹಿಯವರ ಸಣ್ಣಕಥೆ. ಕಥೆಯಲ್ಲಿ ಊರಿಗೊಂದು ಸಿನಿಮಾ ಟಾಕೀಸು ಬರುತ್ತದೆ. ಕಾಸರವಳ್ಳಿಯವರು ಚಿತ್ರಕಥೆಯಲ್ಲಿ ಆ ಟಾಕೀಸನ್ನೇ ತೆಗೆದು, ಕುಂದಾಪುರದ ಕಡೆಯ ಮೀನುಗಾರರ ನಡುವೆ ಬದುಕುವ ಸೂಲಗಿತ್ತಿ ಗುಲಾಬಿಯ ಗುಡಿಸಲಿಗೆ ಬಣ್ಣದ ಟಿ.ವಿ.ಯನ್ನೂ ಡಿಶ್ ಆಂಟೆನಾವನ್ನೂ ತಂದಿಟ್ಟರು. ಕಾಲವನ್ನು ಕಾರ್ಗಿಲ್ ಯುದ್ಧದ ದಿನಗಳಿಗೆ ಸರಿಸಿದರು.

ಇದರಿಂದ ಆದದ್ದು ಗಮನಿಸಬೇಕಾದ ಸಂಗತಿ. ಟಾಕೀಸಿಗೆ ಟಿಕೆಟ್ ಕೊಂಡವರೆಲ್ಲ ಹೋಗಬಹುದು; ಟಿ.ವಿ. ನೋಡಲು ಇನ್ನೊಬ್ಬರ ಮನೆಯ ಹೊಸಿಲು ದಾಟಬೇಕು. ಗುಲಾಬಿ ಮುಸ್ಲಿಂ ಹೆಂಗಸು. ಗಂಡಸರು ಮೀನಿಗೆ ಹೋದ ಮೇಲೆ ನೆರೆಯ ಕೆಲವು ಹೆಂಗಸರು ಒಳಗೆ ಬಂದು ಕೂರುತ್ತಾರೆ, ಕೆಲವರು ಹೊರಗೆ ನಿಂತೇ ನೋಡುತ್ತಾರೆ. ಊರಿನ ಮನಸ್ಸು ಒಡೆಯುತ್ತಿದೆ ಎಂದು ಯಾರ ಬಾಯಲ್ಲೂ ಹೇಳಿಸಬೇಕಾಗಿಲ್ಲ. ಯಾರು ಎಲ್ಲಿ ನಿಂತಿದ್ದಾರೆ ಎಂಬುದೇ ಹೇಳುತ್ತದೆ. ಗುಲಾಬಿಯಾಗಿ ನಟಿಸಿದ ಉಮಾಶ್ರೀಯವರಿಗೆ ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ ಬಂದದ್ದು ಎಲ್ಲರಿಗೂ ಗೊತ್ತು. ಆ ಹೊಸಿಲನ್ನು ಕಾಗದದ ಮೇಲೆ ಮೊದಲು ಇಟ್ಟದ್ದು ಚಿತ್ರಕಥೆ.

‘ದ್ವೀಪ’ದ ಮೂಲ ಕಾದಂಬರಿ ಸಾಗರದ ನಾ. ಡಿಸೋಜರದು. ಅವರು ಲೋಕೋಪಯೋಗಿ ಇಲಾಖೆಯಲ್ಲಿದ್ದು ಮುಳುಗಡೆಯನ್ನು ಹತ್ತಿರದಿಂದ ಕಂಡವರು. ಅಲ್ಲಿಯೂ ಭಯವನ್ನು ಮಾತಿನಲ್ಲಿ ಹೇಳಿದ್ದಕ್ಕಿಂತ ಬಿಡದ ಮಳೆಯಲ್ಲಿ, ಏರುವ ನೀರಿನಲ್ಲಿ ತೋರಿಸಿದ್ದೇ ಹೆಚ್ಚು.

ಟಿ.ವಿ.ಯ ಲೆಕ್ಕ ಬೇರೆ. ಎಸ್.ಎಲ್. ಭೈರಪ್ಪನವರ ‘ಗೃಹಭಂಗ’ವನ್ನು ಕಾಸರವಳ್ಳಿಯವರೇ ಈಟಿವಿ ಕನ್ನಡಕ್ಕೆ ಧಾರಾವಾಹಿಯಾಗಿ ಮಾಡಿದರು. ಆದರೆ ದಿನನಿತ್ಯದ ಧಾರಾವಾಹಿಗಳಲ್ಲಿ ಕಥೆ ಒಬ್ಬರದು, ಚಿತ್ರಕಥೆ ಇನ್ನೊಬ್ಬರದು, ಸಂಭಾಷಣೆ ಮತ್ತೊಬ್ಬರದು ಆಗಿರುವುದೇ ರೂಢಿ. ಜಾಹೀರಾತು ಕಳೆದು ಇಪ್ಪತ್ತೆರಡು ನಿಮಿಷದಷ್ಟು ಉಳಿಯುವ ಕಂತು ವಾರದಲ್ಲಿ ಐದಾರು ಬೇಕು. ಹೊಸಬರಿಗೆ ಕೆಲಸವೂ ಸಂಬಳವೂ ಮೊದಲು ಸಿಗುವುದು ಇಲ್ಲೇ. ಜ್ವರ ಬಂದರೂ ರಾತ್ರಿ ಕೂತು ಬರೆಯಲೇಬೇಕಾದ ಜಾಗವೂ ಇದೇ.

ಸಂಪಾದನೆಯ ಪ್ರಶ್ನೆ ತಂದೆತಾಯಿಯರು ಕೇಳಿಯೇ ಕೇಳುತ್ತಾರೆ, ಕೇಳಬೇಕಾದದ್ದೇ. ನಾಲ್ಕು ಸ್ವರ್ಣಕಮಲ, 2011ರಲ್ಲಿ ಪದ್ಮಶ್ರೀ ಪಡೆದ ಕಾಸರವಳ್ಳಿಯವರಿಗೂ ‘ಕೂರ್ಮಾವತಾರ’ದ (2011) ನಂತರ ‘ಇಲ್ಲಿರಲಾರೆ ಅಲ್ಲಿಗೆ ಹೋಗಲಾರೆ’ (2020) ಬರಲು ಒಂಬತ್ತು ವರ್ಷ ಹಿಡಿಯಿತು. ಮೊದಲ ದಿನಗಳಲ್ಲಿ ಅವರು ಬೆಂಗಳೂರಿನಲ್ಲಿ ಸಿನಿಮಾ ಪಾಠ ಹೇಳಿದ್ದೂ ಉಂಟು. ಈಗ ಪುಣೆಯ ಸಂಸ್ಥೆಯಲ್ಲಿ ಚಿತ್ರಕಥೆ ಬರವಣಿಗೆಗೇ ಪ್ರತ್ಯೇಕ ಕೋರ್ಸು ಇದೆ. ಪದವಿ ಮುಗಿದಿರಬೇಕು, ಪ್ರವೇಶ ಪರೀಕ್ಷೆ ಬರೆಯಬೇಕು. ಆದ್ದರಿಂದ ಪಿ.ಯು.ಸಿ. ಮುಗಿಸಿ ಹಟ ಹಿಡಿದಿರುವ ಮಕ್ಕಳು ಪದವಿಯನ್ನು ಅರ್ಧಕ್ಕೆ ಬಿಡುವ ಕಾರಣವೇ ಇಲ್ಲ. ಆ ಮೂರು ವರ್ಷದಲ್ಲಿ ವೈದೇಹಿಯವರ ಕಥೆಯನ್ನು ಓದಿ, ಆಮೇಲೆ ಚಿತ್ರ ನೋಡಿ, ಯಾವುದು ಬಿಟ್ಟುಹೋಯಿತು, ಯಾವುದು ಹೊಸದಾಗಿ ಬಂತು ಎಂದು ನೋಟ್‌ಬುಕ್ಕಿನಲ್ಲಿ ಗುರುತು ಹಾಕಿಕೊಳ್ಳುವುದಕ್ಕೆ ಯಾರ ಅಡ್ಡಿಯೂ ಇರದು.