ಹೆಂಗಸರಲ್ಲಿ ಬೀಥೋವನ್ ಯಾಕಿಲ್ಲ?

“ಹೆಣ್ಣುಮಕ್ಕಳಿಗೆ ಸಂಗೀತ ಹೇಳಿಕೊಟ್ಟಷ್ಟು ಗಂಡುಮಕ್ಕಳಿಗೆ ಯಾರೂ ಹೇಳಿಕೊಡುವುದಿಲ್ಲ. ಆದರೂ ಅವರಲ್ಲಿ ಒಬ್ಬ ತ್ಯಾಗರಾಜ ಹುಟ್ಟಲಿಲ್ಲ, ಒಬ್ಬ ಬೀಥೋವನ್ ಹುಟ್ಟಲಿಲ್ಲ. ಯಾಕೆ?” ತುಮಕೂರಿನ ಒಂದು ಸಂಗೀತ ಸಭೆಯಲ್ಲಿ ಹಿರಿಯರೊಬ್ಬರು ಈ ಪ್ರಶ್ನೆ ಎಸೆದು ಉತ್ತರವನ್ನೂ ತಾವೇ ಕೊಟ್ಟುಬಿಟ್ಟರು. ಹಾಡುವುದು ಬೇರೆಯಂತೆ, ಕಟ್ಟುವುದು ಬೇರೆಯಂತೆ. ಕಟ್ಟುವ ಶಕ್ತಿ ಹೆಣ್ಣಿನ ಪ್ರಕೃತಿಯಲ್ಲೇ ಇಲ್ಲವಂತೆ. ಸಭೆಯಲ್ಲಿ ಮುಕ್ಕಾಲುಪಾಲು ಹೆಂಗಸರೇ ಇದ್ದೆವು. ಚಪ್ಪಾಳೆ ತಟ್ಟಿದವರಲ್ಲೂ ಹೆಂಗಸರೇ ಹೆಚ್ಚು.

ಅಕ್ಕಮಹಾದೇವಿ ಹುಟ್ಟಿದ ನಾಡಿನಲ್ಲಿ ನಿಂತು ಹೀಗೆ ಹೇಳುವುದಕ್ಕೆ ಸ್ವಲ್ಪ ಧೈರ್ಯವೇ ಬೇಕು. ಇರಲಿ. ಅವರು ಬೀಥೋವನ್ ಹೆಸರು ಎತ್ತಿದ್ದರಿಂದ ಉತ್ತರವನ್ನೂ ಅವನ ಕಡೆಯಿಂದಲೇ ತರೋಣ. ನಮ್ಮಲ್ಲಿ ಹೆಂಗಸರ ಹಾಡು ಹೇಗೆ ನಿಂತುಹೋಯಿತೆಂದು ಯಾರೂ ಬರೆದಿಡಲಿಲ್ಲ. ಜರ್ಮನಿ, ಆಸ್ಟ್ರಿಯಾದ ಜನ ಬರೆದಿಟ್ಟರು. ಅಪ್ಪ ಮಗಳಿಗೆ ಬರೆದ ಕಾಗದ, ಗಂಡ ಹೆಂಡತಿಗೆ ಬರೆದ ಕಾಗದ, ದಿನಚರಿ, ಎಲ್ಲವೂ ಉಳಿದಿವೆ.

‘ಅಲ್ಲಿಯ ಸಂಗೀತ ನಮಗೇಕಮ್ಮ?’ ಎನ್ನುವವರಿಗೆ ಒಂದು ಮಾತು. ತುಮಕೂರು, ಗುಬ್ಬಿ, ಕುಣಿಗಲ್ ಎಲ್ಲ ಮೈಸೂರು ಸಂಸ್ಥಾನಕ್ಕೆ ಸೇರಿದ್ದವು. ಆ ಸಂಸ್ಥಾನದ ಕೊನೆಯ ದೊರೆ ಜಯಚಾಮರಾಜ ಒಡೆಯರ್ ಚಿಕ್ಕಂದಿನಲ್ಲಿ ಪಿಯಾನೋ ವಾದಕರಾಗಬೇಕೆಂದಿದ್ದವರು. 1940ರಲ್ಲಿ ಮೊದಲು ತಂದೆ, ಆಮೇಲೆ ದೊಡ್ಡಪ್ಪ ನಾಲ್ವಡಿಯವರು ತೀರಿಕೊಂಡರು. ಪಟ್ಟ ತಲೆಯ ಮೇಲೆ ಬಿತ್ತು, ಆ ಕನಸು ಅಲ್ಲಿಗೆ ಮುಗಿಯಿತು. ಆದರೆ ಸಂಗೀತ ಮುಗಿಯಲಿಲ್ಲ. ಲಂಡನ್ನಿನ ಫಿಲ್‌ಹಾರ್ಮೋನಿಯಾ ಸಂಗೀತ ಸಂಸ್ಥೆಗೆ ಅವರು ಮೊದಲ ಅಧ್ಯಕ್ಷರಾದರು. ಜರ್ಮನಿಯ ರಿಚರ್ಡ್ ಸ್ಟ್ರಾಸ್ ಸಾಯುವ ಮುನ್ನಿನ ವರ್ಷ, 1948ರಲ್ಲಿ, ಹೆಣ್ಣು ಕಂಠಕ್ಕೆಂದೇ ಬರೆದ ‘ಕೊನೆಯ ನಾಲ್ಕು ಹಾಡುಗಳು’ ಲೋಕದ ಕಿವಿಗೆ ಮೊದಲು ಬಿದ್ದದ್ದು 1950ರ ಮೇ 22ರಂದು, ಲಂಡನ್ನಿನಲ್ಲಿ. ಹಾಡಿದವಳು ಕಿರ್ಸ್ಟನ್ ಫ್ಲಾಗ್‌ಸ್ಟಾಡ್. ಖರ್ಚಿಗೆ 4,800 ಡಾಲರಿನ ಜಾಮೀನು ನಿಂತವರು ನಮ್ಮ ಮಹಾರಾಜರು. ಅದೇ ಮಹಾರಾಜರು ಕರ್ನಾಟಕ ಸಂಗೀತದಲ್ಲಿ 94 ಕೃತಿಗಳನ್ನು ರಚಿಸಿದರು. ರಾಜ್ಯಭಾರ ಹೊತ್ತ ಗಂಡಿಗೂ ಸಂಗೀತಕ್ಕೆ ಮರಳುವ ಒಂದು ದಾರಿ ಉಳಿದಿತ್ತು ಎಂಬುದನ್ನು ನೆನಪಿಟ್ಟುಕೊಳ್ಳಿ. ಈಗ ಸಂಸಾರ ಹೊತ್ತ ಹೆಣ್ಣುಗಳ ಕಥೆ ಕೇಳಿ.

ಮೊಸಾರ್ಟನಿಗೆ ಒಬ್ಬ ಅಕ್ಕ ಇದ್ದಳು. ಮರಿಯಾ ಅನ್ನಾ, 1751ರಲ್ಲಿ ಹುಟ್ಟಿದವಳು. ಅಪ್ಪ ಲಿಯೊಪೋಲ್ಡ್ ಇಬ್ಬರು ಮಕ್ಕಳನ್ನೂ ಕರೆದುಕೊಂಡು ಯೂರೋಪಿನ ಅರಮನೆಗಳನ್ನು ಸುತ್ತಿದ. ಅಕ್ಕ ತಮ್ಮ ಇಬ್ಬರೂ ನುಡಿಸಿದರು, ಇಬ್ಬರನ್ನೂ ಜನ ಹೊಗಳಿದರು. 1769ರ ಡಿಸೆಂಬರಿನಲ್ಲಿ ಇಟಲಿಗೆ ಹೊರಡುವಾಗ ಮಗಳಿಗೆ ಹದಿನೆಂಟು ತುಂಬಿತ್ತು. ವಯಸ್ಸಿಗೆ ಬಂದ ಹುಡುಗಿ ಊರೂರು ತಿರುಗುವುದೆ? ಅಮ್ಮನ ಜೊತೆ ಮನೆಯಲ್ಲಿರು ಎಂದು ಬಿಟ್ಟುಹೋದ. ಮರುವರ್ಷ ಅವಳು ತಾನೇ ಕಟ್ಟಿದ ಒಂದು ಹಾಡನ್ನು ತಮ್ಮನಿಗೆ ಕಳಿಸಿದಳು. ನೀನು ಇಷ್ಟು ಚೆನ್ನಾಗಿ ಕಟ್ಟಬಲ್ಲೆಯೆಂದು ಗೊತ್ತಿರಲಿಲ್ಲ ಎಂಬ ಅರ್ಥದಲ್ಲಿ ಅವನು ಬೆರಗಾಗಿ ಉತ್ತರ ಬರೆದ. ಆ ಉತ್ತರ ಇದೆ. ಹಾಡು ಇಲ್ಲ. ಅವಳು ಕಟ್ಟಿದ ಒಂದೇ ಒಂದು ರಚನೆಯೂ ಉಳಿದಿಲ್ಲ. ಮೂವತ್ತಮೂರನೆಯ ವಯಸ್ಸಿನಲ್ಲಿ, ಎರಡು ಸಲ ಹೆಂಡತಿ ಸತ್ತು ಐದು ಮಕ್ಕಳಿದ್ದವನಿಗೆ ಅವಳನ್ನು ಕೊಟ್ಟು ಮದುವೆ ಮಾಡಿದರು. ನಮ್ಮ ಕಡೆಯ ಕಥೆಯ ಹಾಗೇ ಇಲ್ಲವೆ?

ಇನ್ನು ಫಾನಿ ಮೆಂಡೆಲ್ಸನ್. ಇವಳದ್ದನ್ನು ಸ್ವಲ್ಪ ನಿಂತು ಕೇಳಬೇಕು. 1805ರಲ್ಲಿ ಹ್ಯಾಂಬರ್ಗಿನಲ್ಲಿ ಹುಟ್ಟಿದವಳು, ಪ್ರಸಿದ್ಧ ಫೆಲಿಕ್ಸ್ ಮೆಂಡೆಲ್ಸನ್ನನ ಅಕ್ಕ. ಹದಿಮೂರನೆಯ ವಯಸ್ಸಿಗೆ ಬಾಖ್‌ನ 24 ರಚನೆಗಳನ್ನು ಪುಸ್ತಕ ನೋಡದೆ ಅಪ್ಪನ ಎದುರು ನುಡಿಸಿದಳು. ಅಪ್ಪನಿಗೆ ಸಂತೋಷವಾಯಿತು. ಆದರೆ 1820ರಲ್ಲಿ ಅದೇ ಅಪ್ಪ ಅವಳಿಗೆ ಬರೆದ ಕಾಗದದ ಸಾರ ಇದು: ತಮ್ಮನಿಗೆ ಸಂಗೀತ ಬಹುಶಃ ವೃತ್ತಿಯಾದೀತು, ನಿನಗೆ ಅದು ಒಡವೆಯಾಗಿರಬೇಕೇ ಹೊರತು ಬದುಕಿನ ಬುಡವಾಗಬಾರದು.

ಒಡವೆ! ಈ ಪದ ಓದಿದಾಗ ನನಗೆ ಬರ್ಲಿನ್ ನೆನಪಾಗಲಿಲ್ಲ, ಕುಣಿಗಲ್ ನೆನಪಾಯಿತು. ಆ ಮಾತಿಗೆ ಆಮೇಲೆ ಬರುತ್ತೇನೆ.

ಫಾನಿ ಕಟ್ಟುವುದನ್ನು ಬಿಡಲಿಲ್ಲ. ಅವಳ ರಚನೆಗಳು 450ಕ್ಕೂ ಹೆಚ್ಚು. ಗಂಡ ಹೆನ್ಸೆಲ್ ಚಿತ್ರಕಾರ, ಬರೆ ಬರೆ ಎನ್ನುತ್ತಿದ್ದ ಒಳ್ಳೆಯ ಮನುಷ್ಯ. ಅಡ್ಡ ಬಂದದ್ದು ತವರು. ಅಚ್ಚು ಹಾಕಿಸಬೇಡ ಎಂದ ಅಪ್ಪ. ಅಪ್ಪ ಹೋದಮೇಲೆ ತಮ್ಮನೂ ಒಪ್ಪಲಿಲ್ಲ. ಅವಳ ಆರು ಹಾಡುಗಳು ತಮ್ಮನ ಹೆಸರಿನ ಪುಸ್ತಕಗಳಲ್ಲೇ ಅಚ್ಚಾಗಿದ್ದವು. 1842ರಲ್ಲಿ ವಿಕ್ಟೋರಿಯಾ ರಾಣಿ ತನಗೆ ಇಷ್ಟವಾದ ‘ಮೆಂಡೆಲ್ಸನ್ ಹಾಡು’ ಎಂದು ಒಂದನ್ನು ಹಾಡಿದಾಗ ಫೆಲಿಕ್ಸ್ ಪಾಪ, ಇದು ಅಕ್ಕನದು ಎಂದು ಒಪ್ಪಿಕೊಳ್ಳಬೇಕಾಯಿತು. ಕೊನೆಗೆ 1846ರಲ್ಲಿ, ನಲವತ್ತು ದಾಟಿದ ಮೇಲೆ, ಫಾನಿ ತನ್ನ ಹೆಸರಿನಲ್ಲಿ ಮೊದಲ ಹಾಡುಗಳ ಪುಸ್ತಕ ತಂದಳು. ಮರುವರ್ಷ ಮೇ ತಿಂಗಳಲ್ಲಿ, ಮನೆಯ ಕಛೇರಿಗೆ ಅಭ್ಯಾಸ ನಡೆಸುತ್ತಿದ್ದಾಗಲೇ ಕುಸಿದು, ಅಂದೇ ತೀರಿಕೊಂಡಳು.

ಕಥೆ ಮುಗಿಯಲಿಲ್ಲ. ಅವಳು 1828ರಲ್ಲಿ ಬರೆದ ‘ಈಸ್ಟರ್ ಸೊನಾಟಾ’ದ ಹಸ್ತಪ್ರತಿ 1970ರಲ್ಲಿ ಸಿಕ್ಕಿದಾಗ ಪಂಡಿತರು ಅದನ್ನು ಫೆಲಿಕ್ಸನದೇ ಎಂದರು. ಹೆಣ್ಣೊಬ್ಬಳು ಬರೆದದ್ದು ಅಷ್ಟು ಗಟ್ಟಿಯಾಗಿರಲು ಸಾಧ್ಯವೆ, ಅಲ್ಲವೆ? 2010ರಲ್ಲಿ ಸಂಶೋಧಕಿಯೊಬ್ಬರು ಅದು ಫಾನಿಯದೆಂದು ಸಾಧಿಸಿದರು. ಅವಳ ಹೆಸರು ಹೇಳಿ ಲಂಡನ್ನಿನಲ್ಲಿ ಅದನ್ನು ನುಡಿಸಿದ್ದು 2017ರ ಮಾರ್ಚ್ 8ರಂದು. ಲೆಕ್ಕ ಹಾಕಿ, 189 ವರ್ಷ. ‘ಕಟ್ಟುವ ಶಕ್ತಿ ಇಲ್ಲ’ ಎನ್ನುವವರು ಕಟ್ಟಿದ್ದನ್ನು ಮೊದಲು ಯಾರ ಹೆಸರಿಗೆ ಬರೆದುಕೊಂಡರೆಂದು ಹೇಳಬೇಕು.

ಕ್ಲಾರಾ ಶೂಮನ್ ಎಂಟು ಮಕ್ಕಳನ್ನು ಹೆತ್ತವಳು, ತನ್ನ ಕಾಲದ ದೊಡ್ಡ ಪಿಯಾನೋ ವಾದಕಿ. ಗೋಡೆ ತೆಳು, ಗಂಡ ರಾಬರ್ಟ್ ರಚನೆಗೆ ಕೂತರೆ ಅವಳು ಪಿಯಾನೋ ಮುಟ್ಟುವ ಹಾಗಿರಲಿಲ್ಲ. ಹೆಣ್ಣು ರಚನೆಯ ಆಸೆ ಪಡಬಾರದು ಎಂದು ಇಪ್ಪತ್ತರ ವಯಸ್ಸಿನಲ್ಲೇ ದಿನಚರಿಯಲ್ಲಿ ಬರೆದುಕೊಂಡಳು. ವಿಯೆನ್ನಾದಲ್ಲಿ ಗುಸ್ತಾವ್ ಮಾಹ್ಲರ್ 1901ರಲ್ಲಿ, ಮದುವೆಗೆ ಮುಂಚೆ, ಆಲ್ಮಾಗೆ ಪುಟಗಟ್ಟಲೆ ಕಾಗದ ಬರೆದು ರಚನೆ ಬಿಡು ಎಂದ. ಮನೆಯಲ್ಲಿ ರಚನೆಗಾರ ಒಬ್ಬನೇ ಸಾಕು!

ಬೀಥೋವನ್? ಮಹಾಪುರುಷ, ಕೈ ಮುಗಿಯುತ್ತೇನೆ. ಆದರೆ ಹೋಟೆಲಿನ ಮಾಣಿ ತಪ್ಪಾಗಿ ತಂದ ಊಟದ ತಟ್ಟೆಯನ್ನು ಅವನ ತಲೆಯ ಮೇಲೇ ಕವುಚಿದ ಎಂದು ಶಿಷ್ಯ ರೀಸ್ ಬರೆದಿದ್ದಾನೆ. ವಿಯೆನ್ನಾದಲ್ಲಿ ಮನೆಯ ಮೇಲೆ ಮನೆ ಬದಲಾಯಿಸಿದ. ಅಡುಗೆಯವಳ ಮೇಲೆ ರೇಗಿದ. ಪ್ರತಿಭೆಯೆಂದು ಲೋಕ ಸಹಿಸಿತು. ಒಬ್ಬ ಹೆಂಗಸು ಇದರಲ್ಲಿ ಕಾಲುಭಾಗ ಮಾಡಿದ್ದರೆ ಏನೆನ್ನುತ್ತಿದ್ದರೆಂದು ನಿಮಗೇ ಗೊತ್ತು.

ಈಗ ಕುಣಿಗಲ್. ನನ್ನ ಚಿಕ್ಕಮ್ಮನೊಬ್ಬರನ್ನು ಆ ಊರಿಗೆ ಕೊಟ್ಟಿತ್ತು. ವೀಣೆಯಲ್ಲಿ ಸೀನಿಯರ್ ಪಾಸಾಗಿದ್ದವರು. ಹೆಣ್ಣು ನೋಡಲು ಬಂದವರ ಮುಂದೆ ಜಮಖಾನದ ಮೇಲೆ ಕೂತು ನುಡಿಸಿದರು. ಗಂಡಿನ ಕಡೆಯವರಿಗೆ ಬಹಳ ಹಿಡಿಸಿತು. ವೀಣೆಯನ್ನೂ ಜೊತೆಗೇ ಕಳಿಸಿ ಎಂದರು. ಕಳಿಸಿದ್ದೂ ಆಯಿತು, ಅದು ಅಟ್ಟ ಹತ್ತಿದ್ದೂ ಆಯಿತು. ನುಡಿಸಬೇಡ ಎಂದು ಯಾರೂ ಹೇಳಲಿಲ್ಲ. ಮಾವನವರ ನಿದ್ದೆ, ಮೈದುನನ ಪರೀಕ್ಷೆ, ಬಾಣಂತನ, ಅತ್ತೆಯ ಕಾಯಿಲೆ, ಹೀಗೆ ಒಂದರ ಹಿಂದೆ ಒಂದು. ಇಪ್ಪತ್ತೆರಡು ವರ್ಷದ ಮೇಲೆ ಇಳಿಸಿದಾಗ ಮೇಣ ಬಿಟ್ಟು ಮೆಟ್ಟಿಲುಗಳು ಅಲ್ಲಾಡುತ್ತಿದ್ದವು, ತಂತಿ ತುಕ್ಕು ಹಿಡಿದಿತ್ತು. ಒರೆಸಿ ದಸರಾ ಬೊಂಬೆಗಳ ಪಕ್ಕದಲ್ಲಿ ಸರಸ್ವತಿಯ ಮುಂದೆ ಇಟ್ಟರು. ಬಂದವರೆಲ್ಲ ಅರಿಶಿನ ಕುಂಕುಮ ತೆಗೆದುಕೊಂಡು, ಎಷ್ಟು ಚೆನ್ನಾಗಿದೆ ವೀಣೆ ಎಂದು ಹೋದರು. ಫಾನಿಯ ಅಪ್ಪ ಹೇಳಿದ ಒಡವೆ ಇದೇ.

ಪಕ್ಕದ ಗುಬ್ಬಿಯ ಕಥೆ ಬೇರೆ. 1884ರಲ್ಲಿ ಹುಟ್ಟಿದ ಗುಬ್ಬಿ ಕಂಪನಿಯಲ್ಲಿ ಮೊದಲು ಗಂಡಸರೇ ಸೀರೆ ಉಟ್ಟರು. ವೀರಣ್ಣನವರ ಕಾಲದಲ್ಲಿ ಹೆಂಗಸರು ರಂಗಕ್ಕೆ ಬಂದರು, ಬಿ. ಜಯಮ್ಮನಂಥವರು ಹಾಡಿ ಹೆಸರಾದರು. ಟಿಕೆಟ್ಟು ಕೊಂಡು ಆ ಹಾಡು ಕೇಳಿ ತಲೆದೂಗಿದ ಎಷ್ಟೋ ಮನೆತನಗಳು ತಮ್ಮ ಮಗಳು ನಾಲ್ಕು ಜನರೆದುರು ಬಾಯಿ ತೆರೆದರೆ ಮಾನ ಹೋಯಿತೆಂದು ಕದ ಮುಚ್ಚಿದವು. ನಾಟಕದವರ ಹೆಣ್ಣು ಹಾಡಿದರೆ ಕಲೆ, ನಮ್ಮ ಹೆಣ್ಣು ಹಾಡಿದರೆ ಅವಮಾನ!

ಈಗ ಕಾಲ ಬದಲಾಗಿದೆ ಎನ್ನುತ್ತೀರಿ. ಬದಲಾಗಿದೆ, ನಿಜ. ಫಾನಿಯ ಸೊನಾಟಾವನ್ನು ಗುಬ್ಬಿಯ ಹುಡುಗಿ ತನ್ನ ಫೋನಿನಲ್ಲೇ ಹುಡುಕಿ ಕೇಳಬಹುದು; ಕೇಳಲಿ, ಅರ್ಥವಾಗದಿದ್ದರೆ ಎರಡನೆಯ ಸಲ ಕೇಳಲಿ. ಆದರೆ ನಮ್ಮ ಬೀದಿಯ ಸಂಗೀತದ ಮೇಷ್ಟ್ರ ಮನೆಯಲ್ಲಿ ಜೂನಿಯರ್ ಪರೀಕ್ಷೆಗೆ ಕೂರುವ ಹುಡುಗಿಯರು ವಿದ್ವತ್ತಿನ ಹೊತ್ತಿಗೆ ಎಲ್ಲಿ ಹೋಗುತ್ತಾರೆಂದು ನಾನು ಇಪ್ಪತ್ತು ವರ್ಷದಿಂದ ನೋಡುತ್ತಿದ್ದೇನೆ. ಕಲ್ಯಾಣ ಮಂಟಪಕ್ಕೆ ಹೋಗುತ್ತಾರೆ. ಅಲ್ಲಿಂದ ಅಡುಗೆಮನೆಗೆ, ಅಥವಾ ಕೆಲಸಕ್ಕೂ ಅಡುಗೆಮನೆಗೂ. ಸೊಸೆಯ ಶ್ರುತಿಪೆಟ್ಟಿಗೆ ಕೇಳಿದರೆ ತಲೆನೋವು ಬರುವ ಅತ್ತೆಯರಿಗೆ ಸಂಜೆಯ ಧಾರಾವಾಹಿಯ ಗದ್ದಲದಿಂದ ಏನೂ ಆಗುವುದಿಲ್ಲ. ನಾವೂ ಆ ಅತ್ತೆಯರೇ, ತಾಯಂದಿರೇ.

ಅಕ್ಕತಂಗಿಯರೇ, ಮಗಳಿಗೆ ಸಂಗೀತ ಕಲಿಸುವುದಾದರೆ ಮಾತುಕತೆಯ ದಿನ ಒಂದು ಕೆಲಸ ಮಾಡಿ. ಬಂದವರು “ಹುಡುಗಿ ಹಾಡುತ್ತಾಳೆಯೆ?” ಎನ್ನುತ್ತಾರೆ. “ಹಾಡುತ್ತಾಳೆ. ನಿಮ್ಮ ಮನೆಯಲ್ಲಿ ದಿನಾ ಯಾವ ಹೊತ್ತಿನಲ್ಲಿ ಸಾಧನೆ ಮಾಡಬಹುದು? ಆಗ ಕುಕ್ಕರ್ ಯಾರು ಇಡುತ್ತಾರೆ?” ಎಂದು ನೀವು ಕೇಳಿ. ಉತ್ತರ ಬರುವವರೆಗೆ ಕಾಫಿ ಒಳಗೇ ಇರಲಿ.